ಅಗ್ನಿಜಾರದ ಜನ್ಮವೃತ್ತಾಂತ

ಸಿಂದಬಾದನು ತನ್ನ ಆರನೆಯ ಸಮುದ್ರಯಾನದಲ್ಲಿ ಹಡಗೊಡೆದು ಹೋಗಿ ಬಿದ್ದ ದ್ವೀಪದಲ್ಲಿ, ಗಗನಚುಂಬಿಯಾದ ಪರ್ವತವೊಂದರ ತಪ್ಪಲಿನಲ್ಲಿ, ನೀರಿಗೆ ಬದಲಾಗಿ ಸುಗಂಧದ್ರವ್ಯವೇ ಉಕ್ಕಿ ಹರಿಯುವ ಚಿಲುಮೆಯೊಂದು ಇದ್ದಿತೆಂದು ‘ಸಾವಿರದ ಒಂದು ರಾತ್ರಿಗಳು’ ಎಂಬ ಅರಬ್ಬೀ ಕಥಾಕೋಶವು ವರ್ಣಿಸುತ್ತದೆ. ಬಿಸಿಲಿನ ಝಳಕ್ಕೆ ಮೇಣದಂತೆ ಕರಗಿದ ಆ ದ್ರವ್ಯವು ಮೆಲ್ಲಮೆಲ್ಲನೆ ಇಳಿದು ಕಡಲತಡಿಯನ್ನು ಸೇರುವುದು. ಆಳದಿಂದ ಮೇಲೆದ್ದು ಬಂದ ಮಹಾಜಲಚರಗಳು ಅದನ್ನು ನುಂಗಿ ಮತ್ತೆ ಮುಳುಗುವುವು. ಹೊಟ್ಟೆಯೊಳಗೆ ಅದು ಬೆಂಕಿಯಾಗಿ ಉರಿಯಲು, ಸಂಕಟವನ್ನು ತಾಳಲಾರದೆ ಹೊರಕ್ಕೆ ಕಕ್ಕುವುವು. ಕಕ್ಕಿದ್ದು ನೀರಿನ ಮೇಲೆ ಹೆಪ್ಪುಗಟ್ಟಿ, ಬಣ್ಣವನ್ನೂ ಗುಣವನ್ನೂ ಬದಲಾಯಿಸಿಕೊಂಡು, ಅಲೆಗಳ ಮೇಲೆ ತೇಲಿ ದಡಕ್ಕೆ ಬಂದಾಗ, ಅದರ ಬೆಲೆಯನ್ನು ಬಲ್ಲ ವರ್ತಕರು ಆಯ್ದುಕೊಂಡು ಹೋಗಿ ಮಾರುವರು. ಯಾವ ಪ್ರಾಣಿಯ ಬಾಯಿಗೂ ಬೀಳದೆ ಉಳಿದ ಭಾಗವು ಅಲ್ಲಿಯೇ ದಂಡೆಯ ಮೇಲೆ ಗಟ್ಟಿಯಾಗಿ, ಹೊತ್ತೇರಿದೊಡನೆ ಮತ್ತೆ ಕರಗಿ, ಕಣಿವೆಯನ್ನೆಲ್ಲ ಕಸ್ತೂರಿಯ ಕಂಪಿನಿಂದ ತುಂಬುವುದು.

ಅಂತಹ ದ್ವೀಪವನ್ನು ಯಾವ ನಾವಿಕನೂ ಕಂಡವನಲ್ಲ. ಅಂತಹ ಚಿಲುಮೆಯನ್ನು ಯಾವ ಭೂಗರ್ಭಶಾಸ್ತ್ರಜ್ಞನೂ ತೋರಿಸಿದವನಲ್ಲ. ಆದರೆ ಕಥೆಗಾರನು ಹೇಳಿದ ದ್ರವ್ಯ ಮಾತ್ರ ಕಟ್ಟುಕಥೆಯಲ್ಲ. ಅರಬರು ಅಂಬರ್ ಎಂದೂ ಐರೋಪ್ಯರು ಅಂಬರ್‌ಗ್ರೀಸ್ ಎಂದೂ ಕರೆದ ಆ ವಸ್ತು ಇಂದಿಗೂ ಕಡಲಿನಲ್ಲಿ ತೇಲುತ್ತಿದೆ. ನಮ್ಮ ಪತ್ರಿಕೆಗಳು ಅದನ್ನೇ ತಿಮಿಂಗಿಲದ ವಾಂತಿ ಎಂಬ ಹೆಸರಿನಿಂದ ಆಗಾಗ ಸುದ್ದಿಮಾಡುತ್ತವೆ. ಸಿಂದಬಾದನ ಕಥೆಯ ಒಂದೊಂದು ಘಟ್ಟವನ್ನೂ ಜೀವಶಾಸ್ತ್ರದ ಹಾಗೂ ರಸಾಯನಶಾಸ್ತ್ರದ ನಿಕಷಕ್ಕೆ ಒಡ್ಡಿ ನೋಡಿದರೆ, ಚಿಲುಮೆಯೊಂದನ್ನು ಬಿಟ್ಟು ಮಿಕ್ಕುದೆಲ್ಲ ಯಾವುದಾದರೊಂದು ಸತ್ಯದ ಅಂಚನ್ನು ಸೋಕಿಯೇ ಇರುವುದು ಕಂಡುಬರುತ್ತದೆ. ನುಂಗುವ ಮಹಾಪ್ರಾಣಿಯುಂಟು; ಉದರದ ಸಂಕಟವುಂಟು; ತೇಲುವುದೂ ಬಣ್ಣ ತಿರುಗುವುದೂ ಉಂಟು; ಇನ್ನು ಬಿಸಿಲಿಗಂತೂ, ಆ ಅಜ್ಞಾತ ಕಥೆಗಾರನು ಊಹಿಸಿದ್ದಕ್ಕಿಂತ ಬಹು ಹಿರಿದಾದ ಪಾತ್ರವುಂಟು. ಈ ಸುಗಂಧವನ್ನು ಪ್ರಾಣಿಯ ದೇಹವು ತಯಾರಿಸುವುದಿಲ್ಲ. ಪ್ರಾಣಿಯು ಕೊಡುವುದು ದುರ್ಗಂಧಮಯವಾದ ಒಂದು ಕಪ್ಪು ಮುದ್ದೆಯನ್ನು. ಅದನ್ನು ಸುಗಂಧವಾಗಿ ಮಾರ್ಪಡಿಸುವುವು ಉಪ್ಪುನೀರು, ಗಾಳಿ, ಬಿಸಿಲು ಮತ್ತು ದೀರ್ಘಕಾಲ. ಈ ಅಧ್ಯಾಯವು ಆ ಮಾರ್ಪಾಡಿನ ವೃತ್ತಾಂತ.

ಕಡಲಿಗೆ ಹತ್ತಿರವಾಗಿ ಬಾಳಿದ ಜನಾಂಗಗಳಲ್ಲಿ ಈ ದ್ರವ್ಯದ ಉತ್ಪತ್ತಿಯ ವಿಷಯವಾಗಿ ಊಹೆ ಮಾಡದವರು ವಿರಳ. ಸಾಗರಮಧ್ಯದ ಬಂಡೆಗಳ ಮೇಲೆ ಮಲಗಿ ನಿದ್ರಿಸುವ ಮಹಾಸರ್ಪಗಳ ಜೊಲ್ಲು ನೀರಿಗೆ ಬಿದ್ದು ಗಟ್ಟಿಯಾದದ್ದೇ ಇದೆಂದು ಚೀನೀಯರು ನಂಬಿದ್ದರು. ಝೌ ಚೂಫೇ ಎಂಬಾತನು 1178ರಲ್ಲಿ ಬರೆದ ಗ್ರಂಥವು ಇದಕ್ಕೊಂದು ವಿಲಕ್ಷಣವಾದ ಗುಣವನ್ನು ಆರೋಪಿಸುತ್ತದೆ. ಇದನ್ನು ಕೆಂಡದ ಮೇಲಿಟ್ಟರೆ ಏಳುವ ನೀಲಿಯ ಹೊಗೆಯು ಚದರಿಹೋಗದೆ ಗಾಳಿಯಲ್ಲಿ ಹಾಗೆಯೇ ನಿಲ್ಲುವುದಂತೆ. ಕುಳಿತ ಅತಿಥಿಗಳು ಕತ್ತರಿಯಿಂದ ಆ ಹೊಗೆಯನ್ನು ತುಂಡರಿಸಿಕೊಳ್ಳಬಹುದಂತೆ. ಅರಬ್ ನಾವಿಕರ ಮಾತು ಇದಕ್ಕಿಂತ ನೆಲಕ್ಕೆ ಹತ್ತಿರ. ಕ್ರಿ. ಶ. 851ರ ಅವರ ವೃತ್ತಾಂತವೊಂದರಲ್ಲಿ, ನಮ್ಮ ನಿಕೋಬಾರಿನ ದ್ವೀಪವಾಸಿಗಳು ಹಾದುಹೋಗುವ ಹಡಗುಗಳಿಗೆ ಅಂಬರನ್ನೂ ತೆಂಗಿನಕಾಯಿಯನ್ನೂ ಕೊಟ್ಟು ಕಬ್ಬಿಣವನ್ನು ಕೊಂಡುಕೊಳ್ಳುತ್ತಿದ್ದ ಸಂಗತಿ ಬರುತ್ತದೆ. ಹತ್ತನೆಯ ಶತಮಾನದ ಅಲ್ ಮಸೂದಿಯು, ದಕ್ಷಿಣ ಅರೇಬಿಯದ ಶಿಹ್ರ್ ಕರಾವಳಿಯ ಜನರು ಅಂಬರನ್ನು ಹುಡುಕಲೆಂದೇ ಪಳಗಿಸಿದ ಒಂಟೆಗಳನ್ನೇರಿ ರಾತ್ರಿಯಲ್ಲಿ ದಡದುದ್ದಕ್ಕೂ ಸಾಗುತ್ತಿದ್ದರೆಂದೂ, ಅದು ಬಿದ್ದಿರುವ ಎಡೆಯಲ್ಲಿ ಒಂಟೆಯು ತಾನಾಗಿಯೇ ಮೊಣಕಾಲೂರುತ್ತಿತ್ತೆಂದೂ ಹೇಳುತ್ತಾನೆ. ದೊಡ್ಡ ಮೀನೊಂದು ಅಂಬರನ್ನು ನುಂಗಿ ಸತ್ತು ತೇಲುವುದೆಂದೂ, ಅದರ ಹೊಟ್ಟೆಯನ್ನು ಸೀಳಿ ಅದನ್ನು ತೆಗೆಯುವರೆಂದೂ ಅರಬರು ಬರೆದಿಟ್ಟರು. ಪ್ರಾಣಿಗೂ ದ್ರವ್ಯಕ್ಕೂ ಇರುವ ಸಂಬಂಧ ಅವರಿಗೆ ಗೋಚರಿಸಿತ್ತು. ಆದರೆ ಯಾವುದು ಹಡೆದದ್ದು, ಯಾವುದು ಹುಟ್ಟಿದ್ದು ಎಂಬುದು ಮಾತ್ರ ತಲೆಕೆಳಗಾಗಿತ್ತು. ಕಂಡದ್ದನ್ನು ಪ್ರಾಮಾಣಿಕವಾಗಿ ಬರೆದವರು ಕಾರ್ಯಕಾರಣಗಳನ್ನು ಅದಲುಬದಲಾಗಿ ಹೊಂದಿಸಿದರೆಂಬ ಕಾರಣದಿಂದ ಅವರನ್ನು ಅಲ್ಲಗಳೆಯುವುದು ತರವಲ್ಲ. ಮುಂದಣ ಶೋಧಕರಿಗೆ ದಾರಿಯ ಒಂದು ತುದಿಯನ್ನು ಹಿಡಿದುಕೊಟ್ಟವರು ಅವರೇ.

ಆದರೆ ಈ ಪುರಾತನ ಮಾತುಗಳಲ್ಲೆಲ್ಲ ನನ್ನ ಮನಸ್ಸನ್ನು ಅತ್ಯಂತವಾಗಿ ಸೆಳೆದದ್ದು ನಮ್ಮ ರಸಶಾಸ್ತ್ರದ ಒಂದು ಉಕ್ತಿ. ವಾಗ್ಭಟನದೆಂದು ಪ್ರಸಿದ್ಧವಾದ ‘ರಸರತ್ನಸಮುಚ್ಚಯ’ವು ಸಾಧಾರಣ ರಸಗಳ ವರ್ಗದಲ್ಲಿ ಅಗ್ನಿಜಾರವೆಂಬ ದ್ರವ್ಯವನ್ನು ಎಣಿಸುತ್ತದೆ. ಸಮುದ್ರದಲ್ಲಿ ವಾಸಿಸುವ ಅಗ್ನಿನಕ್ರವೆಂಬ ಮೊಸಳೆಯ ಗರ್ಭಕೋಶದ ಪೊರೆಯು ಹೊರಕ್ಕೆ ಎಸೆಯಲ್ಪಟ್ಟು, ಸೂರ್ಯನ ತಾಪದಲ್ಲಿ ಒಣಗಿದಾಗ ಅಗ್ನಿಜಾರವೆನಿಸುವುದೆಂದು ಅದರ ಲಕ್ಷಣ. ಇದನ್ನು ಅಂಬರೆಂದೇ ಅನೇಕ ವಿದ್ವಾಂಸರು ಗುರುತಿಸಿರುವರು. ಅಗ್ನಿನಕ್ರವು ಸಿಂದಬಾದನ ಚಿಲುಮೆಯಷ್ಟೇ ಕಾಲ್ಪನಿಕವಾದದ್ದು, ಅದಿರಲಿ. ತ್ರಿದೋಷಗಳನ್ನು ಶಮನಗೊಳಿಸುವುದು, ಧನುರ್ವಾತವನ್ನು ಕಳೆಯುವುದು, ಪಾದರಸದ ವೀರ್ಯವನ್ನು ಹೆಚ್ಚಿಸುವುದು ಎಂದು ಗುಣಗಳನ್ನು ಹೇಳಿದ ಮೇಲೆ ಗ್ರಂಥಕಾರನು ಇನ್ನೊಂದು ಮಾತನ್ನು ಸೇರಿಸುತ್ತಾನೆ. ರಸಶಾಸ್ತ್ರದಲ್ಲಿ ಗಂಧಕವಾಗಲಿ ಹರಿತಾಲವಾಗಲಿ, ಔಷಧಕ್ಕೆ ಬರಬೇಕಾದರೆ ಮೊದಲು ಶೋಧನವೆಂಬ ಸಂಸ್ಕಾರವಾಗಬೇಕು. ಅಗ್ನಿಜಾರಕ್ಕೆ ಮಾತ್ರ ಆ ಸಂಸ್ಕಾರ ಬೇಕಿಲ್ಲ, ಏಕೆಂದರೆ ಸಮುದ್ರದ ಕ್ಷಾರವೇ ಅದನ್ನು ಈ ಮುನ್ನವೇ ಶುದ್ಧಿಗೊಳಿಸಿರುತ್ತದೆ ಎಂಬುದು ಆ ಮಾತು. ಬಿಸಿಲಿನಲ್ಲಿ ಒಣಗಿದ್ದು, ಉಪ್ಪಿನಲ್ಲಿ ಶುದ್ಧವಾದದ್ದು! ಏಳು ಶತಮಾನಗಳ ತರುವಾಯ ಪ್ರಯೋಗಶಾಲೆಗಳು ಹೇಳಬೇಕಾಗಿದ್ದ ವಿಷಯದ ಅರ್ಧಾಂಶವು ಈ ಎರಡು ವಿಶೇಷಣಗಳಲ್ಲಿ ಅಡಗಿದೆ.

ಅಂಬರಿನ ಗಟ್ಟಿಯು ಮೊದಲ ನೋಟಕ್ಕೆ ಯಾವ ಆಕರ್ಷಣೆಯೂ ಇಲ್ಲದ ವಸ್ತು. ಬೂದುಬಣ್ಣದ, ಕೆಲವೊಮ್ಮೆ ಬೆಳ್ಳಿಯ ಛಾಯೆಯ, ಕೆಲವೊಮ್ಮೆ ಸುಣ್ಣದಂತೆ ಬೆಳ್ಳಗಾದ ಹೊರಮೈ. ಕಲ್ಲೆಂದು ದಾಟಿಹೋಗಬಹುದು, ಕೈಗೆತ್ತಿಕೊಂಡರೆ ಮಾತ್ರ ಗಾತ್ರಕ್ಕೆ ತಕ್ಕ ಭಾರವಿಲ್ಲದಿರುವುದು ಅರಿವಾಗುತ್ತದೆ. ನೀರಿಗಿಂತ ಹಗುರವಾದುದರಿಂದಲೇ ಅದು ತೇಲುವುದು. ಉಗುರಿನಿಂದ ಕೆರೆದರೆ ಮೇಣದಂತಹ ಜಿಡ್ಡು. ಒಡೆದು ನೋಡಿದರೆ ಪದರದ ಮೇಲೆ ಪದರ. ಕಾಯಿಸಿದ ಸೂಜಿಯನ್ನು ಚುಚ್ಚಿದರೆ ಆ ಎಡೆಯಲ್ಲಿ ಕಪ್ಪಾದ ದ್ರವವು ಹೊಳೆಯುತ್ತ ಕುದಿದು, ಬಿಳಿಯ ಹೊಗೆಯೆದ್ದು, ಬೆರಳು ಮುಟ್ಟಿಸಿ ಎತ್ತಿದರೆ ಅಂಟಿನ ಎಳೆ ಬರುತ್ತದೆ. ವರ್ತಕರು ಅಸಲಿಯನ್ನು ನಕಲಿಯಿಂದ ಬೇರ್ಪಡಿಸುವ ಹಳೆಯ ಪರೀಕ್ಷೆ ಇದೇ. ಸುಮಾರು 60 ಡಿಗ್ರಿ ಸೆಲ್ಸಿಯಸ್ ದಾಟಿದೊಡನೆ ಇಡಿಯ ಗಟ್ಟಿಯೇ ಕರಗತೊಡಗುತ್ತದೆ. ಇನ್ನು ಪರಿಮಳವನ್ನು ಮಾತಿನಲ್ಲಿ ಹಿಡಿಯಲು ಹೊರಟವರು ಹಳೆಯ ಮರ, ಹೊಗೆಸೊಪ್ಪು, ಕಡಲಪಾಚಿ, ಒದ್ದೆಮಣ್ಣು, ಕಸ್ತೂರಿ ಎಂದು ಒಂದಾದ ಮೇಲೊಂದು ಹೆಸರನ್ನು ಹೇಳುವರು. ಇವಿಷ್ಟೂ ಸರಿಯೆಂಬುದಕ್ಕೆ ಕಾರಣವನ್ನು ಮುಂದೆ ಕಾಣಬಹುದು. ಆ ಪದರಗಳ ನಡುವೆ ಅಲ್ಲಲ್ಲಿ ಹುದುಗಿರುವ, ಕಪ್ಪಗೆ ಹೊಳೆಯುವ, ಕೊಂಕಿದ ಚೂರುಗಳು ಮಾತ್ರ ಶತಮಾನಗಳವರೆಗೆ ನೋಡುಗರ ಕಣ್ಣಿಗೆ ಬಿದ್ದೂ ಬುದ್ಧಿಗೆ ಎಟುಕಲಿಲ್ಲ. ಅವು ಯಾವುದೋ ಪಕ್ಷಿಯ ಕೊಕ್ಕುಗಳೆಂದು ಬಗೆದು, ಅಂಬರು ದ್ವೀಪಾಂತರದ ಹಕ್ಕಿಗಳ ಹಿಕ್ಕೆಯೆಂದು ತೀರ್ಮಾನಿಸಿದವರೂ ಇದ್ದರು.

ಒಗಟು ಬಿಡತೊಡಗಿದ್ದು ತಿಮಿಂಗಿಲಗಳ ಬೇಟೆಯು ಉದ್ಯಮವಾದ ಮೇಲೆ. ಅಮೆರಿಕದ ನ್ಯಾಂಟಕೆಟ್ಟಿನ ಬೇಟೆಗಾರರು ಸ್ಪರ್ಮ್ ತಿಮಿಂಗಿಲವೊಂದನ್ನು ಸೀಳುವಾಗ ಅದರೊಳಗೆ ಅಂಬರನ್ನು ಕಂಡ ಸಂಗತಿಯನ್ನು ಬಾಸ್ಟನ್ನಿನ ವೈದ್ಯ ಝಾಬ್ಡಿಯಲ್ ಬಾಯ್ಲ್‌ಸ್ಟನ್ 1724ರಲ್ಲಿ ಲಂಡನ್ನಿನ ರಾಯಲ್ ಸೊಸೈಟಿಗೆ ತಿಳಿಸಿದನು. ಆದರೆ ಅದು ಗಂಡುತಿಮಿಂಗಿಲದ ವಿಶೇಷವಾದ ಚೀಲವೊಂದರಲ್ಲಿ ಕಸ್ತೂರಿಯಂತೆ ಸ್ರವಿಸುವುದೆಂದು ಆಗಿನವರ ಭಾವನೆ. 1783ರಲ್ಲಿ ಫ್ರಾನ್ಜ್ ಕ್ಸೇವಿಯರ್ ಶ್ವೀಡಿಯಾವರ್ ಎಂಬ ವೈದ್ಯನ ಪ್ರಬಂಧವನ್ನು ಜೋಸೆಫ್ ಬ್ಯಾಂಕ್ಸ್ ಅದೇ ಸಂಸ್ಥೆಯ ಮುಂದಿಟ್ಟಾಗ ಆ ಭಾವನೆಯು ಬಿದ್ದುಹೋಯಿತು. ಶ್ವೀಡಿಯಾವರನು ಗಟ್ಟಿಯಲ್ಲಿದ್ದ ಕೊಂಕಿದ ಚೂರುಗಳನ್ನು ಪರೀಕ್ಷಿಸಿ, ಅವು ಹಕ್ಕಿಯವಲ್ಲ, ಬೊಂಡಾಸಿನ (ಸ್ಕ್ವಿಡ್) ಜಾತಿಯ ಕಡಲಪ್ರಾಣಿಗಳ ಕೊಕ್ಕುಗಳು ಎಂದು ಗುರುತಿಸಿದನು. ಗಾಳಕ್ಕೆ ಸಿಕ್ಕಿದ ಸ್ಪರ್ಮ್ ತಿಮಿಂಗಿಲವು ನುಂಗಿದ್ದನ್ನು ಕಕ್ಕುವಾಗ ಅಂತಹ ಪ್ರಾಣಿಗಳೇ ಹೊರಬೀಳುವುದನ್ನು ಬೇಟೆಗಾರರಿಂದ ಕೇಳಿ ತಿಳಿದಿದ್ದ ಆತನು, ಎರಡನ್ನೂ ಜೋಡಿಸಿ, ರಾಜರ ಭಂಡಾರಗಳನ್ನು ಅಲಂಕರಿಸಿದ ಈ ದ್ರವ್ಯವು ತಿಮಿಂಗಿಲದ ಕರುಳಿನಲ್ಲಿ ಗಟ್ಟಿಯಾದ ಮಲವೆಂದು ಸಾರಿದನು. ಎಲ್ಲರ ಕಣ್ಣೆದುರಿಗಿದ್ದ ಚೂರನ್ನು ಒಬ್ಬನು ಎತ್ತಿ ಸರಿಯಾದ ಪ್ರಶ್ನೆಯನ್ನು ಕೇಳಿದಾಗ ಸಾವಿರ ವರ್ಷಗಳ ಊಹಾಪೋಹವು ಹೇಗೆ ಕರಗುವುದೆಂಬುದಕ್ಕೆ ವಿಜ್ಞಾನದ ಇತಿಹಾಸದಲ್ಲಿ ಇದಕ್ಕಿಂತ ಸ್ವಚ್ಛವಾದ ಉದಾಹರಣೆಯನ್ನು ನಾನು ಬಹಳವಾಗಿ ಕಂಡಿಲ್ಲ.

ಆ ಕೊಕ್ಕನ್ನು ನೋಡಬಯಸುವವರು ದೂರ ಹೋಗಬೇಕಾಗಿಲ್ಲ. ಮಲ್ಪೆಯ ಬಂದರಿನಲ್ಲಿ ಬೊಂಡಾಸನ್ನು ಹಸನುಮಾಡುವ ಹೆಂಗಸರ ಪಕ್ಕದಲ್ಲಿ ಸ್ವಲ್ಪ ಹೊತ್ತು ನಿಂತರೆ ಸಾಕು. ಎಡಗೈಯಲ್ಲಿ ಮೈಯನ್ನು ಹಿಡಿದು ಬಲಗೈಯಿಂದ ತಲೆಯನ್ನೆಳೆದರೆ ಒಳಗಿನ ಕರುಳೂ ಮಸಿಯ ಚೀಲವೂ ಒಟ್ಟಿಗೆ ಬರುತ್ತವೆ. ಗರಿಯಂತಹ ತೆಳುವಾದ ಪಾರದರ್ಶಕ ಎಲುಬನ್ನು ಕಿತ್ತೆಸೆದ ಮೇಲೆ, ತೋಳುಗಳ ಬುಡದಲ್ಲಿ ಹೆಬ್ಬೆರಳಿನಿಂದ ಒತ್ತಿದೊಡನೆ ಗುಂಡನೆಯ ಸ್ನಾಯುವಿನ ನಡುವಿನಿಂದ ಗಿಣಿಯ ಕೊಕ್ಕನ್ನು ಹೋಲುವ ಕಂದುಗಪ್ಪಿನ ಚೂರೊಂದು ಹೊರಕ್ಕೆ ಚಿಮ್ಮುತ್ತದೆ. ಗಿಣಿಯಲ್ಲಿ ಮೇಲಿನ ತುಟಿಯು ಕೆಳಗಿನದನ್ನು ಮುಚ್ಚಿದರೆ ಇದರಲ್ಲಿ ಕೆಳಗಿನದು ಮೇಲಿನದನ್ನು ಮುಚ್ಚುತ್ತದೆ, ಅಷ್ಟೇ ವ್ಯತ್ಯಾಸ. ಮೈಯೆಲ್ಲ ಮೆತ್ತಗಿರುವ ಪ್ರಾಣಿಯಲ್ಲಿ ಗಡುಸಾದ ಅಂಗವೆಂದರೆ ಇದೊಂದೇ ಎನ್ನಬಹುದು. ಏಡಿಯ ಚಿಪ್ಪಿನಲ್ಲಿರುವ ಕೈಟಿನ್ ಎಂಬ ಪದಾರ್ಥವೂ ಪ್ರೋಟೀನುಗಳೂ ಹೆಣೆದುಕೊಂಡು ಈ ಕೊಕ್ಕು ಆಗಿದೆ; ಇದರ ಮೊನೆಯಲ್ಲಿರುವ ಕಾಠಿಣ್ಯವು, ಖನಿಜದ ಬೆರಕೆಯಿಲ್ಲದ ಜೈವಿಕ ವಸ್ತುಗಳಲ್ಲೆಲ್ಲ ಅಗ್ರಗಣ್ಯವಾದುದೆಂದು ಶಾಸ್ತ್ರಜ್ಞರು ಅಳೆದು ಹೇಳಿರುವರು. ಯಾವ ಜಠರಾಗ್ನಿಯೂ ಇದನ್ನು ಸುಲಭವಾಗಿ ಅರಗಿಸಲಾರದು.

ಸ್ಪರ್ಮ್ ತಿಮಿಂಗಿಲದ ಆಹಾರದಲ್ಲಿ ಬಹುಪಾಲು ಇಂತಹ ಕೊಕ್ಕಿನ ಪ್ರಾಣಿಗಳೇ. ಹದಿನಾರು ಮೀಟರ್ ಉದ್ದ, ನಲವತ್ತು ಟನ್ನಿಗೂ ಮಿಗಿಲಾದ ತೂಕದ ಗಂಡುತಿಮಿಂಗಿಲವು ಒಂದೇ ಉಸಿರಿನಲ್ಲಿ ಸಾವಿರ ಮೀಟರಿಗೂ ಕೆಳಕ್ಕೆ ಇಳಿದು, ಸೂರ್ಯರಶ್ಮಿಯು ಎಂದೂ ಮುಟ್ಟದ ಕತ್ತಲೆಯಲ್ಲಿ ಶಬ್ದದ ಮಾರ್ದನಿಯಿಂದ ಬೊಂಡಾಸುಗಳನ್ನು ಅರಸಿ ನುಂಗುತ್ತದೆ. ಅದರ ಜಠರದಲ್ಲಿ ನಾಲ್ಕು ಕೋಣೆಗಳು. ಮಾಂಸವು ಜೀರ್ಣವಾಗಿ ಮುಂದಕ್ಕೆ ಹೋದ ಮೇಲೆ ಕೊಕ್ಕುಗಳು ಸಾವಿರಗಟ್ಟಲೆಯಾಗಿ ಹಿಂದುಳಿಯುತ್ತವೆ. ಅವನ್ನು ತಿಮಿಂಗಿಲವು ಆಗಾಗ ಕಕ್ಕಿ ಹೊಟ್ಟೆಯನ್ನು ಹಗುರ ಮಾಡಿಕೊಳ್ಳುತ್ತದೆ. ನಿಜವಾದ ವಾಂತಿ ಇದು; ಅದು ತಳಕ್ಕಿಳಿದು ಹೋಗುತ್ತದೆ, ಯಾವ ಅತ್ತರುಗಾರನ ಕೈಗೂ ಸಿಕ್ಕುವುದಿಲ್ಲ. ಅಂಬರಿನ ಜನ್ಮಸ್ಥಾನವು ಇದಕ್ಕೆ ವಿರುದ್ಧವಾದ ತುದಿಯಲ್ಲಿದೆ.

ಬ್ರಿಟಿಷ್ ಜೀವವಿಜ್ಞಾನಿ ರಾಬರ್ಟ್ ಕ್ಲಾರ್ಕನು ತಿಮಿಂಗಿಲದ ಬೇಟೆಯ ಹಡಗುಗಳಲ್ಲಿ ಕೆಲಸಮಾಡಿ, ಕರುಳುಗಳನ್ನು ಕೈಯಾರೆ ಪರೀಕ್ಷಿಸಿ, ಈ ವಿಷಯದಲ್ಲಿ ಬಹುಮಟ್ಟಿಗೆ ಒಪ್ಪಿಗೆಯಾಗುವ ವಿವರಣೆಯನ್ನು ಕೊಟ್ಟವನು. 1953ರಲ್ಲಿ ಅಂಟಾರ್ಕ್ಟಿಕದ ಕಡಲಿನಲ್ಲಿ ಒಂದೇ ತಿಮಿಂಗಿಲದ ಒಡಲಿನಿಂದ ಸುಮಾರು 420 ಕಿಲೋಗ್ರಾಂ ತೂಕದ ಅಂಬರಿನ ಬಂಡೆ ಹೊರಬಂದುದನ್ನು ಆತನು ವರದಿಮಾಡಿದನು. ಆತನ ಅಭಿಪ್ರಾಯದಂತೆ, ಎಲ್ಲೋ ಕೆಲವು ತಿಮಿಂಗಿಲಗಳಲ್ಲಿ, ಅಂದರೆ ನೂರಕ್ಕೊಂದರಲ್ಲಿ ಎಂದು ಇಟ್ಟುಕೊಳ್ಳಬಹುದು, ಕೊಕ್ಕುಗಳು ಜಠರದ ಕೊನೆಯ ಬಾಗಿಲನ್ನು ದಾಟಿ ಕರುಳನ್ನು ಹೊಕ್ಕುಬಿಡುತ್ತವೆ. ನೂರು ಮೀಟರಿಗೂ ಮೀರಿದ ಆ ಕರುಳಿನ ಹಾದಿಯನ್ನು ಕ್ರಮಿಸಿ, ಒಂದಕ್ಕೊಂದು ಸಿಕ್ಕುಹಾಕಿಕೊಂಡು, ಗುದನಾಳದ ಸಮೀಪಕ್ಕೆ ಬರುವ ಹೊತ್ತಿಗೆ ಅವು ಒಂದು ಅಡ್ಡಗಟ್ಟೆಯಾಗುತ್ತವೆ. ಮಲವು ಆ ಗಂಟನ್ನು ನೆನೆಸುತ್ತದೆ. ಕೆರಳಿದ ಕರುಳು ಇನ್ನಷ್ಟು ನೀರನ್ನು ಹೀರಿಕೊಂಡು ಅದನ್ನು ಗಟ್ಟಿಮಾಡುತ್ತದೆ. ಅದರ ಪಕ್ಕದಿಂದ ಮಲವು ಮತ್ತೆ ಸಾಗುವಾಗ ಹೊಸದೊಂದು ಪದರ ಕೂಡುತ್ತದೆ. ಹೀಗೆ ವರ್ಷಗಳ ಕಾಲ ಪದರಗಳು ಸುತ್ತಿ ಸುತ್ತಿ ಗಟ್ಟಿಯು ಬೆಳೆಯುತ್ತದೆ, ಗುದನಾಳವು ಹಿಗ್ಗುತ್ತದೆ. ಸಣ್ಣದಾಗಿರುವಾಗಲೇ ಅದು ಹೊರಬಿದ್ದರೆ ತಿಮಿಂಗಿಲವು ಬದುಕಿತು. ಇಲ್ಲದಿದ್ದರೆ ಒಂದು ದಿನ ನಾಳವು ಬಿರಿದು ಸಾಯುತ್ತದೆ, ಕಳೇಬರವು ಕೊಳೆತ ಮೇಲೆ ಗಟ್ಟಿಯು ಬಿಡುಗಡೆಯಾಗಿ ಮೇಲಕ್ಕೆ ತೇಲುತ್ತದೆ. ಉದರದೊಳಗೆ ಉರಿಯುವ ಬೆಂಕಿಯೆಂದು ಅರಬ್ ಕಥೆಗಾರನು ಹೇಳಿದ ಸಂಕಟವು ಈ ಮೂಕಪ್ರಾಣಿಯ ಪಾಲಿಗೆ ಎಷ್ಟು ದಾರುಣವಾದ ನಿಜವೆಂದು ನೆನೆದಾಗ, ಪರಿಮಳದ ಮಾತು ಒಂದು ಕ್ಷಣ ನಾಲಿಗೆಯ ಮೇಲೆ ನಿಲ್ಲುತ್ತದೆ. ನ್ಯೂಜಿಲೆಂಡಿನ ಮತ್ತು ಶ್ರೀಲಂಕೆಯ ಕಡಲತಡಿಗಳಲ್ಲಿ ಸಿಕ್ಕಿದ ಚೂರುಗಳಿಂದ ಡಿ.ಎನ್.ಎ.ಯನ್ನು ಬೇರ್ಪಡಿಸಿದ ಶೋಧಕರು, ಅದು ಸ್ಪರ್ಮ್ ತಿಮಿಂಗಿಲದ್ದೇ ಎಂದು 2020ರಲ್ಲಿ ಪ್ರಕಟಿಸಿದರು. ಶ್ವೀಡಿಯಾವರನ ಕೊಕ್ಕುಗಳ ಸಾಕ್ಷ್ಯಕ್ಕೆ ಅನುವಂಶಿಕ ಸಾಕ್ಷ್ಯವೂ ದೊರೆತಂತಾಯಿತು.

ಇಲ್ಲಿಯವರೆಗೆ ನಾವು ಕಂಡದ್ದು ಮಲವನ್ನು, ಪರಿಮಳವನ್ನಲ್ಲ. ತಿಮಿಂಗಿಲದ ಒಡಲಿನಿಂದ ಆಗತಾನೆ ತೆಗೆದ ಅಂಬರು ಕಪ್ಪಗೆ, ಮೆತ್ತಗೆ, ಜಿಗುಟಾಗಿ, ಸಗಣಿಯ ಗಬ್ಬಿನಿಂದ ಕೂಡಿರುತ್ತದೆ. ಅದಕ್ಕೆ ಬೆಲೆಯೂ ಕಡಿಮೆ. ಅದನ್ನು ಶುಭ್ರವಾಗಿ ಒಗೆದು ಒಣಗಿಸಿದಂತೆ ಮಾಡುವ ಶಕ್ತಿ ಯಾವುದು? ಸಿಂಕೋನಾ ತೊಗಟೆಯಿಂದ ಕ್ವಿನೈನನ್ನು ಬೇರ್ಪಡಿಸಿದ ಕೀರ್ತಿಗೆ ಪಾತ್ರರಾದ ಪೆಲ್ತಿಯೇ ಮತ್ತು ಕವಾಂತು ಎಂಬ ಫ್ರೆಂಚ್ ರಸಾಯನಜ್ಞರಿಬ್ಬರು, ಅದೇ 1820ರಲ್ಲಿ, ಅಂಬರಿನಿಂದಲೂ ಒಂದು ಬಿಳಿಯ ಸ್ಫಟಿಕದಂತಹ ಪದಾರ್ಥವನ್ನು ಪಡೆದು ಅಂಬ್ರೈನ್ ಎಂದು ಹೆಸರಿಟ್ಟರು. ಅದರ ಅಣುವಿನ ರಚನೆಯು ತಿಳಿದುದು ಬಹಳ ತಡವಾಗಿ, 1946ರ ಸುಮಾರಿಗೆ. ಜೂರಿಕ್ಕಿನಲ್ಲಿ ನೊಬೆಲ್ ಪುರಸ್ಕೃತ ಲಿಯೋಪೋಲ್ಡ್ ರುಜಿಕಾ, ಫ್ರಾನ್ಸಿನಲ್ಲಿ ಎಡ್ಗರ್ ಲೆಡರರ್ ಅದನ್ನು ಬಿಡಿಸಿದರು. ಮೂವತ್ತು ಇಂಗಾಲದ ಪರಮಾಣುಗಳುಳ್ಳ ಆ ಅಣುವಿನ ಒಂದು ತುದಿಯಲ್ಲಿ ಜೋಡಿಯುಂಗುರ, ಇನ್ನೊಂದು ತುದಿಯಲ್ಲಿ ಒಂಟಿಯುಂಗುರ, ನಡುವೆ ಅವೆರಡನ್ನೂ ಕೂಡಿಸುವ ಸರಪಳಿ. ಆಶ್ಚರ್ಯವೆಂದರೆ, ಅಂಬರಿನ ಬಹುಭಾಗವನ್ನು ವ್ಯಾಪಿಸಿರುವ ಈ ಅಂಬ್ರೈನಿಗೆ ವಾಸನೆಯೇ ಇಲ್ಲ! ಅಷ್ಟು ಭಾರವಾದ ಅಣುವು ಗಾಳಿಗೇರಿ ನಮ್ಮ ಮೂಗನ್ನು ಮುಟ್ಟಲಾರದು.

ಗಟ್ಟಿಯು ಕಡಲಿನ ಮೇಲ್ಮೈಗೆ ಬಂದಂದಿನಿಂದ ಇದರ ಭಾಗ್ಯವು ತಿರುಗುತ್ತದೆ. ಅಲೆಗಳು ಮಲದ ಕರಗುವ ಅಂಶಗಳನ್ನು ತೊಳೆದು ಒಯ್ಯುತ್ತವೆ. ಬಿಸಿಲಿನಿಂದ ಚೇತನಗೊಂಡ ಆಮ್ಲಜನಕವು ಅಂಬ್ರೈನಿನ ಸರಪಳಿಯನ್ನು ನಡುವೆ ಕಡಿಯತೊಡಗುತ್ತದೆ. ಬೊಂಡಾಸಿನ ರಕ್ತದಲ್ಲಿ ನಮ್ಮಂತೆ ಕಬ್ಬಿಣವಿಲ್ಲ, ತಾಮ್ರವುಂಟು. ಆ ತಾಮ್ರವೂ ಸಮುದ್ರಜಲದ ಲವಣಗಳೂ ಈ ಕಡಿಯುವ ಕಾರ್ಯಕ್ಕೆ ವೇಗವರ್ಧಕಗಳಾಗಿ ಒದಗುವುವೆಂದು ಕೆಲವು ರಸಾಯನಜ್ಞರ ಮತ. ಕಡಿದ ತುಂಡುಗಳು ಹಗುರವಾದವು, ಆದುದರಿಂದ ಗಾಳಿಗೇರಬಲ್ಲವು. ಒಂದೊಂದು ತುಂಡಿಗೂ ತನ್ನದೇ ವಾಸನೆ. ಜೋಡಿಯುಂಗುರದ ಕಡೆಯಿಂದ ಬರುವ, ಹದಿನಾರು ಇಂಗಾಲದ ಅಂಬ್ರಾಕ್ಸೈಡ್ ಎಂಬುದೇ ಅಂಬರಿನ ಪರಿಮಳದ ಪ್ರಾಣ. ಅತ್ಯಲ್ಪ ಪ್ರಮಾಣದಲ್ಲಿಯೇ ಅದು ಮೂಗಿಗೆ ಗೊತ್ತಾಗುತ್ತದೆ. ಒಂಟಿಯುಂಗುರದ ಕಡೆಯಿಂದ ಬರುವ ತುಂಡುಗಳಲ್ಲಿ ಒಂದಕ್ಕೆ ಹೊಗೆಸೊಪ್ಪಿನ ಕಂಪು, ಅಂಬ್ರಿನಾಲ್ ಎಂಬ ಇನ್ನೊಂದಕ್ಕೆ ಒದ್ದೆಮಣ್ಣಿನ ಮತ್ತು ದನದ ಕೊಟ್ಟಿಗೆಯ ನೆನಪು, ಮತ್ತೊಂದಕ್ಕೆ ಕಡಲನೀರಿನ ಸೊಗಡು. ಮೂಸಿ ನೋಡಿದವರು ಹೇಳಿದ ಬೇರೆಬೇರೆ ಹೆಸರುಗಳೆಲ್ಲ ಏಕೆ ಸರಿಯಾಗಿದ್ದುವೆಂಬುದು ಇದರಿಂದ ವಿಶದವಾಗುತ್ತದೆ. ಒಬ್ಬೊಬ್ಬರ ಮೂಗಿಗೂ ಬೇರೊಂದು ತುಂಡು ಮುಂದಾಗಿ ನಿಂತಿತ್ತು. ವಾಸನೆಯಿಲ್ಲದ ಒಂದು ಅಣುವನ್ನು ಒಡೆದು ಅನೇಕ ಪರಿಮಳಗಳನ್ನು ಬಿಡಿಸಿದ ರಸಾಯನಶಾಲೆಗೆ ಛಾವಣಿಯಿಲ್ಲ, ಒಲೆಯಿಲ್ಲ, ಕಾಯಿಸಿ ಇಳಿಸುವ ರಸವೈದ್ಯನಿಲ್ಲ. ಅಬ್ಧಿಕ್ಷಾರವೂ ಭಾನುತಾಪವೂ ಕೂಡಿ ಶೋಧನೆ ಮಾಡಿದವೆಂದ ಪ್ರಾಚೀನ ಗ್ರಂಥಕಾರನನ್ನು ಇಲ್ಲಿ ಕೃತಜ್ಞತೆಯಿಂದ ಸ್ಮರಿಸದೆ ಇರಲು ನನ್ನಿಂದಾಗದು.

ಈ ಪರಿಪಾಕಕ್ಕೆ ಎಷ್ಟು ಕಾಲ ಬೇಕು? ತಿಂಗಳುಗಳಲ್ಲಿ ಆರಂಭವಾಗಿ ವರ್ಷಗಳಲ್ಲಿ ಪಕ್ವವಾಗುತ್ತದೆಂಬುದು ಸಾಮಾನ್ಯವಾದ ಉತ್ತರ. ಕಪ್ಪು ಬಣ್ಣವು ಕಂದಾಗಿ, ಬೂದಾಗಿ, ಕಡೆಗೆ ಬೆಳ್ಳಗಾಗುವುದು ಆ ಕಾಲದ ಗುರುತು. ಆದರೆ ಇಂಗ್ಲೆಂಡಿನ ಪ್ಲಿಮತ್ ವಿಶ್ವವಿದ್ಯಾನಿಲಯದ ಸ್ಟೀವನ್ ರೋಲಂಡ್ ಮತ್ತು ಸಂಗಡಿಗರು ರೇಡಿಯೋ ಕಾರ್ಬನ್ ವಿಧಾನದಿಂದ ಹಲವು ಚೂರುಗಳ ವಯಸ್ಸನ್ನು ಅಳೆದಾಗ, ಕೆಲವು ಸುಮಾರು ಸಾವಿರ ವರ್ಷಗಳಷ್ಟು ಹಳೆಯವೆಂದು ಕಂಡುಬಂತು. ಅಂದರೆ ಅಲ್ ಮಸೂದಿಯ ಕಾಲದಲ್ಲಿಯೋ ಅದಕ್ಕೆ ಸ್ವಲ್ಪ ಈಚೆಗೋ ಈಜಾಡುತ್ತಿದ್ದ ತಿಮಿಂಗಿಲದ ಒಡಲಿನ ಗಟ್ಟಿಯೊಂದು, ಮರಳಿನಲ್ಲಿ ಹೂತು, ಬಿರುಗಾಳಿಗೆ ಮತ್ತೆ ಬಯಲಾಗಿ, ನಮ್ಮ ಕಾಲದವರ ಕೈಗೆ ಬರಬಹುದು. ಇಟಲಿಯ ಉಂಬ್ರಿಯಾ ಪ್ರಾಂತದಲ್ಲಿ, ಹಿಂದೆ ಸಮುದ್ರತಳವಾಗಿದ್ದು ಈಗ ಒಣನೆಲವಾಗಿರುವ ಜೇಡಿಪದರಗಳಲ್ಲಿ, ಬೊಂಡಾಸಿನ ಕೊಕ್ಕುಗಳ ಸಮೇತ ಶಿಲೀಭೂತವಾದ ಅಂಬರಿನ ಗಟ್ಟಿಗಳನ್ನು ಅಂಜೆಲಾ ಬಾಲ್ದಾನ್ಜಾ ಮತ್ತು ಸಹೋದ್ಯೋಗಿಗಳು 2013ರಲ್ಲಿ ವರ್ಣಿಸಿದರು. ಅವುಗಳ ವಯಸ್ಸು ಸುಮಾರು 17 ಲಕ್ಷ 50 ಸಾವಿರ ವರ್ಷ.

ಅತ್ತರುಗಾರರಿಗೆ ಅಂಬರು ಬೇಕಾದದ್ದು ಅದರ ಸ್ವಂತ ಪರಿಮಳಕ್ಕಿಂತ ಹೆಚ್ಚಾಗಿ, ಮಲ್ಲಿಗೆ ಗುಲಾಬಿಗಳಂತಹ ಬೇಗ ಆರಿಹೋಗುವ ಕಂಪನ್ನು ಚರ್ಮದ ಮೇಲೆ ಹಿಡಿದಿಟ್ಟುಕೊಳ್ಳುವ ಗುಣಕ್ಕೆ. ಮದ್ಯಸಾರದಲ್ಲಿ ನೆನೆಹಾಕಿ ತಿಂಗಳುಗಟ್ಟಲೆ ಹಾಗೆಯೇ ಬಿಟ್ಟು, ಬಳಿಕ ತೊಟ್ಟುತೊಟ್ಟಾಗಿ ಬೆರೆಸುತ್ತಿದ್ದರು. ಇದಕ್ಕಾಗಿ ಡಚ್ಚರ ಈಸ್ಟ್ ಇಂಡಿಯಾ ಕಂಪನಿಯವರು ಹದಿನೇಳನೆಯ ಶತಮಾನದ ಕೊನೆಯಲ್ಲಿ ತಿಡೋರಿನ ರಾಜನಿಂದ 182 ಪೌಂಡು ತೂಕದ ಒಂದೇ ಗಟ್ಟಿಯನ್ನು ಕೊಂಡದ್ದು ಅಂದಿನ ಯುರೋಪಿನಲ್ಲೆಲ್ಲ ಮನೆಮಾತಾಗಿತ್ತು. ಆದರೆ ದಡದಲ್ಲಿ ಆಯ್ದುಕೊಳ್ಳುವುದು ಒಂದು, ಕೊಂದು ತೆಗೆಯುವುದು ಇನ್ನೊಂದು. ಸ್ಪರ್ಮ್ ತಿಮಿಂಗಿಲವನ್ನು ಮುಖ್ಯವಾಗಿ ಕೊಂದದ್ದು ತಲೆಯ ಎಣ್ಣೆಗಾಗಿ, ದೀಪಗಳಿಗೂ ಯಂತ್ರಗಳಿಗೂ. ಅಂಬರು ಆ ಬೇಟೆಯ ಅದೃಷ್ಟದ ಪಾಲು. 1851ರಲ್ಲಿ ಪ್ರಕಟವಾದ ‘ಮೊಬಿ ಡಿಕ್’ ಕಾದಂಬರಿಯಲ್ಲಿ ಮೆಲ್ವಿಲನು ಅಂಬರಿಗೇ ಒಂದು ಅಧ್ಯಾಯವನ್ನು ಮೀಸಲಿಟ್ಟಿರುವನು. ಅಂತರರಾಷ್ಟ್ರೀಯ ತಿಮಿಂಗಿಲ ಆಯೋಗವು ವಾಣಿಜ್ಯದ ಬೇಟೆಯನ್ನು ನಿಲ್ಲಿಸಬೇಕೆಂದು 1982ರಲ್ಲಿ ನಿರ್ಣಯಿಸುವ ಹೊತ್ತಿಗೆ ಲಕ್ಷಾಂತರ ಪ್ರಾಣಿಗಳು ಮಡಿದಿದ್ದವು.

ಅದಕ್ಕೂ ಮೊದಲೇ ಅತ್ತರುಗಾರರಿಗೆ ತಿಮಿಂಗಿಲದ ಹಂಗು ತಪ್ಪಿತ್ತೆಂಬುದು ಸಂತೋಷದ ಸಂಗತಿ. ಸ್ವಿಟ್ಜರ್ಲೆಂಡಿನ ಫಿರ್ಮೆನಿಶ್ ಸಂಸ್ಥೆಯಲ್ಲಿ ಮ್ಯಾಕ್ಸ್ ಸ್ಟಾಲ್ ಮತ್ತು ಹಿಂಡರ್ ಎಂಬವರು 1950ರಲ್ಲಿ, ಕ್ಲೇರಿ ಸೇಜ್ ಎಂಬ ತುಳಸಿಯ ಕುಟುಂಬದ ಗಿಡದಿಂದ ದೊರೆಯುವ ಸ್ಕ್ಲೇರಿಯಾಲ್ ಎಂಬ ಪದಾರ್ಥವನ್ನು ಮಾರ್ಪಡಿಸಿ ಅಂಬ್ರಾಕ್ಸೈಡನ್ನು ಸಂಶ್ಲೇಷಿಸಿದರು. ಈಚೆಗೆ ಕಬ್ಬಿನ ಸಕ್ಕರೆಯನ್ನು ಹುದುಗುಬರಿಸಿ, ಕಿಣ್ವಗಳ ನೆರವಿನಿಂದ ಅದೇ ಅಣುವನ್ನು ಪಡೆಯುವ ವಿಧಾನವೂ ಕೈಗೂಡಿದೆ. ಅಂಗಡಿಯಲ್ಲಿ ಅಂಬರಿನ ಹೆಸರು ಹೊತ್ತು ಮಾರಾಟವಾಗುವ ಶೀಸೆಗಳಲ್ಲಿ ಬಹುತೇಕ ಎಲ್ಲವೂ ಹೊಲದಿಂದ ಬಂದವು.

ಆದರೂ ಕಡಲಿನ ಗಟ್ಟಿಯ ಮೇಲಿನ ಆಸೆ ಇಂಗಿಲ್ಲ. 2021ರಲ್ಲಿ ಯೆಮೆನ್ನಿನ ಬಡ ಬೆಸ್ತರು ಏಡನ್ ಕೊಲ್ಲಿಯಲ್ಲಿ ತೇಲುತ್ತಿದ್ದ ಸತ್ತ ತಿಮಿಂಗಿಲವೊಂದನ್ನು ದಡಕ್ಕೆಳೆದು ಸೀಳಿದಾಗ 127 ಕಿಲೋ ಅಂಬರು ದೊರೆತು, ಊರಿಗೆ ಊರೇ ಬಡತನದಿಂದ ಪಾರಾಯಿತು. ಸತ್ತು ತೇಲುವ ಮೀನಿನ ಒಡಲನ್ನು ಸೀಳಿ ಅಂಬರನ್ನು ತೆಗೆಯುವರೆಂದು ಅದೇ ಅರಬ್ ಕಡಲಿನ ವೃತ್ತಾಂತಗಳು ಹೇಳಿದ್ದು ಸಾವಿರ ವರ್ಷಗಳ ಹಿಂದೆ. ನಮ್ಮ ದೇಶದಲ್ಲಿ ಹಾಗಿಲ್ಲ. 1972ರ ವನ್ಯಜೀವಿ ಸಂರಕ್ಷಣಾ ಕಾಯಿದೆಯು ಸ್ಪರ್ಮ್ ತಿಮಿಂಗಿಲವನ್ನು ರಕ್ಷಿಸುವುದರಿಂದ ಅಂಬರನ್ನು ಇಟ್ಟುಕೊಳ್ಳುವುದೂ ಮಾರುವುದೂ ಅಪರಾಧ. ಸಾಗಾಟ ಮಾಡುವವರನ್ನು ಬೆಂಗಳೂರಿನಲ್ಲಿಯೂ ಕರಾವಳಿಯಲ್ಲಿಯೂ ಪೊಲೀಸರು ಹಿಡಿದ ಸುದ್ದಿಗಳು ಮೇಲಿಂದ ಮೇಲೆ ಬರುತ್ತಿವೆ. 2021ರಲ್ಲಿ ಮುರುಡೇಶ್ವರದ ಕಡಲತಡಿಯಲ್ಲಿ ಮೀನುಗಾರರೊಬ್ಬರಿಗೆ ಸಿಕ್ಕಿದ ಗಟ್ಟಿಯು ನೇರವಾಗಿ ಅರಣ್ಯ ಇಲಾಖೆಯ ವಶಕ್ಕೆ ಸೇರಿತು. ಸಿಕ್ಕಿದವರು ಹಾಗೆ ಒಪ್ಪಿಸುವುದೇ ಸರಿ.

ಒಪ್ಪಿಸಿಕೊಂಡವರಲ್ಲಿ ನನ್ನದೊಂದು ವಿನಂತಿಯುಂಟು. ಮುದ್ದೆಮಾಲಾಗಿ ಮೊಹರುಬಿದ್ದು ಕಪಾಟಿನಲ್ಲಿ ಕುಳಿತ ಆ ಗಟ್ಟಿಯ ಒಂದು ಚೂರಾದರೂ, ನ್ಯಾಯಾಲಯದ ಕೆಲಸ ಮುಗಿದ ಮೇಲೆ, ಕಡಲಜೀವಿಗಳನ್ನು ಅಭ್ಯಸಿಸುವವರ ಕೈಸೇರಬೇಕು. ಕೊಕ್ಕಿನ ಆಕಾರದಿಂದ ಅದು ಯಾವ ಜಾತಿಯ ಬೊಂಡಾಸಿನದೆಂದು ಹೇಳಬಲ್ಲ ತಜ್ಞರಿದ್ದಾರೆ; ಸಾವಿರ ಮೀಟರ್ ಆಳದ ಕತ್ತಲೆಯಲ್ಲಿ ಬದುಕುವ ಪ್ರಾಣಿಗಳನ್ನು ಹಿಡಿಯಲು ತಿಮಿಂಗಿಲದಷ್ಟು ನಿಪುಣವಾದ ಬಲೆಯನ್ನು ಮನುಷ್ಯನು ಇನ್ನೂ ಹೆಣೆದಿಲ್ಲ. ಮಲ್ಪೆಯ ದೋಣಿಗಳು ಎಂದೂ ಕಾಣದ ಬೊಂಡಾಸುಗಳ ಗುರುತು ಆ ಪದರಗಳಲ್ಲಿ ಇರಬಹುದು. ಗಟ್ಟಿಯ ವಯಸ್ಸನ್ನೂ ಅಳೆದರೆ, ಅವು ನಮ್ಮ ಅರಬ್ಬೀ ಸಮುದ್ರದಲ್ಲಿ ಯಾವ ಶತಮಾನದಲ್ಲಿ ಈಜಾಡುತ್ತಿದ್ದವೆಂಬುದನ್ನೂ ಹೇಳಬಹುದು.